ಸೆಟ್ಟು ಮತ್ತು ಸತ್ಯ: ಬನ್ಸಿ ಚಂದ್ರಗುಪ್ತರ ಮುಂಬಯಿ ವರ್ಷಗಳು

ಕನ್ನಡದ ಚಲನಚಿತ್ರ ವಿಮರ್ಶೆಯಲ್ಲಿ ‘ಸೆಟ್ಟು’ ಎಂಬ ಮಾತು ಬಹುಮಟ್ಟಿಗೆ ಹೀಗಳೆಯುವ ಮಾತಾಗಿಯೇ ಬಳಕೆಗೊಂಡಿದೆ. 1970ರಲ್ಲಿ ಪಟ್ಟಾಭಿರಾಮ ರೆಡ್ಡಿಯವರ ‘ಸಂಸ್ಕಾರ’ ಬಂದಾಗ ಶೃಂಗೇರಿ ಸಮೀಪದ ವೈಕುಂಠಪುರದ ಮನೆಗಳು, ಅಲ್ಲಿನ ಜಗಲಿ, ಕಂಬ, ಓಣಿಗಳು ಸ್ಟುಡಿಯೋದ ಪ್ಲೈವುಡ್ ಅರಮನೆಗಳ ವಿರುದ್ಧ ಹೂಡಿದ ದಾವೆಯಂತೆ ನಮ್ಮ ವಿಮರ್ಶಕರಿಗೆ ಕಂಡವು. ಆ ಕಾಲಕ್ಕೆ ಅದು ಸಹಜವಾದ ಪ್ರತಿಕ್ರಿಯೆಯೇ. ಆದರೆ ಅದರ ಬೆನ್ನಿಗೇ ಒಂದು ಸಮೀಕರಣವೂ ರೂಢವಾಯಿತು: ಇದ್ದ ಸ್ಥಳದಲ್ಲಿ ಚಿತ್ರಿಸಿದ್ದು ಸತ್ಯ, ಕಟ್ಟಿ ಚಿತ್ರಿಸಿದ್ದು ಸುಳ್ಳು. ಈ ಸಮೀಕರಣದ ಒಂದು ಪರಿಣಾಮವೆಂದರೆ, ‘ಸಂಸ್ಕಾರ’ಕ್ಕೂ ಒಬ್ಬ ಕಲಾನಿರ್ದೇಶಕರಿದ್ದರು, ಅವರು ಚಿತ್ರಕಾರ ಎಸ್. ಜಿ. ವಾಸುದೇವ್ ಎಂಬ ಸಂಗತಿ ಚರ್ಚೆಯ ಅಂಚಿಗೆ ಸರಿದದ್ದು. ಅಗ್ರಹಾರ ಅಲ್ಲಿ ಇದ್ದೇ ಇತ್ತಲ್ಲ, ಕಲಾನಿರ್ದೇಶಕನಿಗೆ ಅಲ್ಲೇನು ಕೆಲಸ ಎಂಬುದು ನಮ್ಮ ಕೇಳದೆ ಉಳಿದ, ಆದರೆ ಉತ್ತರಿಸಿಕೊಂಡುಬಿಟ್ಟ ಪ್ರಶ್ನೆ.

ಪ್ರಸ್ತುತ ಲೇಖನದಲ್ಲಿ ಈ ಸಮೀಕರಣವನ್ನು ಮುಂಬಯಿಯ ಒಂದು ನಿದರ್ಶನದಿಂದ ಪರೀಕ್ಷಿಸಲು ಯತ್ನಿಸಿದ್ದೇವೆ. ಬನ್ಸಿ ಚಂದ್ರಗುಪ್ತ (1924–1981) ಸತ್ಯಜಿತ್ ರಾಯ್ ಅವರ ಕಲಾನಿರ್ದೇಶಕರೆಂದೇ ಪ್ರಸಿದ್ಧರು. 1970ರ ಸುಮಾರಿಗೆ ಅವರು ಕಲ್ಕತ್ತ ಬಿಟ್ಟು ಮುಂಬಯಿಗೆ ಬಂದರು. ಅಲ್ಲಿಂದ ಸಾಯುವವರೆಗಿನ ಹತ್ತು ಹನ್ನೊಂದು ವರ್ಷ ಮುಖ್ಯವಾಗಿ ಹಿಂದಿ ಚಿತ್ರಗಳಿಗಾಗಿ ದುಡಿದರು. ರಾಯ್ ಅವರನ್ನು ಕೇಂದ್ರದಲ್ಲಿರಿಸಿಕೊಂಡ ಬರಹಗಳಲ್ಲಿ ಈ ದಶಕ ಒಂದು ಬಾಲಂಗೋಚಿಯಾಗಿ ಮಾತ್ರ ಕಾಣಿಸಿಕೊಳ್ಳುತ್ತದೆ. ದೊಡ್ಡ ಗುರುವಿನ ಮನೆಯಿಂದ ಹೊರಬಂದ ಶಿಷ್ಯ ಹೊಟ್ಟೆಪಾಡಿಗಾಗಿ ಪೇಟೆ ಸೇರಿದ ಎಂಬ ಧಾಟಿ ಅದು. ನಮಗೆ ಹಾಗೆ ತೋರುವುದಿಲ್ಲ. ಕಲ್ಕತ್ತದಲ್ಲಿ ಅವರು ಕಂಡುಕೊಂಡ ತತ್ವ ನಿಜವಾದ ಪರೀಕ್ಷೆಗೆ ಒಳಗಾದದ್ದು ಮುಂಬಯಿಯಲ್ಲಿ. ಆ ಪರೀಕ್ಷೆಯ ಕೊನೆಯ ಹಾಗೂ ಅತ್ಯಂತ ಕಠಿಣವಾದ ಹಂತ ‘ಚಕ್ರ’ (1981).

ಮೊದಲು ಆ ತತ್ವ ಯಾವುದೆಂಬುದನ್ನು ತಿಳಿದುಕೊಳ್ಳಬೇಕು. ಸಿಯಾಲ್‌ಕೋಟೆಯಲ್ಲಿ ಹುಟ್ಟಿ ಕಾಶ್ಮೀರದಲ್ಲಿ ಬೆಳೆದ ಬನ್ಸಿ ಚಿತ್ರಕಾರನಾಗುವ ಹಂಬಲದಿಂದ ಕಲ್ಕತ್ತ ಸೇರಿದವರು. 1947ರಲ್ಲಿ ರಾಯ್, ಚಿದಾನಂದ ದಾಸ್‌ಗುಪ್ತ ಮೊದಲಾದವರು ಕಲ್ಕತ್ತ ಫಿಲ್ಮ್ ಸೊಸೈಟಿಯನ್ನು ಆರಂಭಿಸಿದಾಗ ಅವರ ಜೊತೆಗಿದ್ದರು. ಫ್ರಾನ್ಸಿನ ಜಾನ್ ರೆನ್ವಾರ್ ‘ದಿ ರಿವರ್’ (1951) ಚಿತ್ರಕ್ಕಾಗಿ ಬಂಗಾಳಕ್ಕೆ ಬಂದಾಗ ಅವರ ಕಲಾನಿರ್ದೇಶಕ ಯೂಜೀನ್ ಲೂರಿಯೆ ಅವರ ಕೈಕೆಳಗೆ ಕೆಲಸ ಮಾಡುವ ಅವಕಾಶ ಬನ್ಸಿಯವರಿಗೆ ದೊರೆಯಿತು. ‘ಗ್ರಾಂಡ್ ಇಲ್ಯೂಷನ್’ (1937), ‘ರೂಲ್ಸ್ ಆಫ್ ದ ಗೇಮ್’ (1939) ಚಿತ್ರಗಳ ಮನೆ, ಮಹಲುಗಳನ್ನು ರೂಪಿಸಿದವರು ಈ ಲೂರಿಯೆ. ಪರದೆಯ ಮೇಲೆ ಬರೆದ ಗೋಡೆಗೂ ಕೈಯಿಟ್ಟರೆ ಒರಟಾಗಿ ತಾಗುವ ಗೋಡೆಗೂ ಇರುವ ಅಂತರ ಬನ್ಸಿಯವರಿಗೆ ಶಿಸ್ತಾಗಿ ತಿಳಿದದ್ದು ಇಲ್ಲಿ.

‘ಪಥೇರ್ ಪಾಂಚಾಲಿ’ (1955) ಸ್ಥಳದಲ್ಲೇ ಚಿತ್ರಿಸುವುದರ ಮಹಾ ಉದಾಹರಣೆಯೆಂದು ನಾವೆಲ್ಲ ಪಾಠ ಹೇಳುತ್ತ ಬಂದಿದ್ದೇವೆ. ಬೋರಾಲ್ ಗ್ರಾಮದ ಆ ಹಾಳುಮನೆ ನಿಜ. ಆದರೆ ಅದು ಸಿಕ್ಕ ಹಾಗೆಯೇ ತೆರೆಗೆ ಬಂದದ್ದಲ್ಲ. ಹರಿಹರನ ಮನೆಯಾಗುವಂತೆ ಅದನ್ನು ತಿದ್ದಿಕೊಳ್ಳಲಾಯಿತು. ರಾತ್ರಿಯ ಒಳಾಂಗಣ ದೃಶ್ಯಗಳು ಸ್ಟುಡಿಯೋದಲ್ಲಿ ನಡೆದವು. ಹೊರಗಿನ ಬೋರಾಲ್ ಎಲ್ಲಿ ಮುಗಿಯಿತು, ಒಳಗಿನ ಸ್ಟುಡಿಯೋ ಎಲ್ಲಿ ಆರಂಭವಾಯಿತು ಎಂಬ ಹೊಲಿಗೆ ನೋಡುವವರಿಗೆ ಕಾಣುವುದಿಲ್ಲ. ಕಾಣದಿರುವುದೇ ಅಲ್ಲಿನ ಕೆಲಸ. ಕಲಾನಿರ್ದೇಶಕನ ಕೀರ್ತಿಗೆ ಅದೇ ಅಡ್ಡಿ.

ಮುಂದಿನ ‘ಅಪರಾಜಿತೊ’ (1956) ಇನ್ನೂ ಹೆಚ್ಚಿನದನ್ನು ಹೇಳುತ್ತದೆ. ಕಾಶಿಯ ತೊಟ್ಟಿಮನೆಯ ಒಳಭಾಗವನ್ನು ಬಯಲಿನಲ್ಲಿ ಕಟ್ಟುವ ಯೋಜನೆ ಮೊದಲು ಇತ್ತು. ಮಳೆಗಾಲದ ಭಯದಿಂದ ಅದನ್ನು ಕೈಬಿಟ್ಟು ಕಲ್ಕತ್ತದ ಸ್ಟುಡಿಯೋದೊಳಗೇ ಕಟ್ಟಬೇಕಾಯಿತು. ಛಾಯಾಗ್ರಾಹಕ ಸುಬ್ರತ ಮಿತ್ರ ಇದನ್ನು ಒಪ್ಪಲಿಲ್ಲ. ತೊಟ್ಟಿಯ ಮೇಲಿನ ಆಕಾಶದಿಂದ ಇಳಿಯುವ ನೆರಳಿಲ್ಲದ ಬೆಳಕನ್ನು ಸ್ಟುಡಿಯೋ ದೀಪಗಳಿಂದ ತರುವುದು ಅಸಾಧ್ಯವೆಂದು ಅವರ ವಾದ. ಬನ್ಸಿ ಮತ್ತು ರಾಯ್ ಪಟ್ಟು ಸಡಿಲಿಸಲಿಲ್ಲ. ಕೊನೆಗೆ ಮಿತ್ರ ತೊಟ್ಟಿಯ ಮೇಲೆ ಬಿಳಿ ಬಟ್ಟೆಯನ್ನು ಹಾಸಿ ಬಿಗಿದು, ಕೆಳಗಿನಿಂದ ದೀಪಗಳನ್ನು ಅದಕ್ಕೆ ಹಾಯಿಸಿ, ಮರಳಿ ಚೆಲ್ಲುವ ಬೆಳಕಿನಲ್ಲಿ ಚಿತ್ರಿಸಿದರು. ಭಾರತೀಯ ಛಾಯಾಗ್ರಹಣದ ಚರಿತ್ರೆಯಲ್ಲಿ ಈ ‘ಪುಟಿದ ಬೆಳಕು’ ಒಂದು ಮೈಲಿಗಲ್ಲೆಂದು ಎಲ್ಲರೂ ಬರೆಯುತ್ತಾರೆ. ಮೈಲಿಗಲ್ಲಿಗೆ ಕಾರಣವಾದದ್ದು ತಲೆಯ ಮೇಲೆ ಬಾಯ್ದೆರೆದ ಒಂದು ತೊಟ್ಟಿಯ ಅಳತೆ ಎಂಬುದನ್ನು ಅಷ್ಟೇ ಒತ್ತಿ ಹೇಳುವವರು ವಿರಳ. ಮನೆಯ ರಚನೆ ನಿಖರವಾಗಿದ್ದುದರಿಂದಲೇ ಬೆಳಕೂ ನಿಖರವಾಗಬೇಕಾಯಿತು.

ಇಲ್ಲಿ ಕನ್ನಡಿಗರಿಗೆ ಹತ್ತಿರದ ಮಾತೊಂದನ್ನು ಸೇರಿಸಬಹುದು. ಮೈಸೂರಿನ ವಿ. ಕೆ. ಮೂರ್ತಿಯವರು ಗುರುದತ್ತರ ‘ಕಾಗಜ್ ಕೆ ಫೂಲ್’ನಲ್ಲಿ (1959) ತಂದ ಬೆಳಕಿನ ಕೋಲನ್ನು ನಾವು ಮನೆಮಗನ ಸಾಧನೆಯೆಂದು ಹೆಮ್ಮೆಯಿಂದ ನೆನೆಯುತ್ತೇವೆ. 2008ನೆಯ ಸಾಲಿನ ಫಾಲ್ಕೆ ಪ್ರಶಸ್ತಿ ಅವರಿಗೆ ಸಂದಾಗ ಆ ಹೆಮ್ಮೆ ಇಮ್ಮಡಿಸಿತು. ಅದೇ ಚಿತ್ರದ ಕಲಾನಿರ್ದೇಶನಕ್ಕೆ ಎಂ. ಆರ್. ಆಚರೇಕರ್ ಅವರಿಗೂ ಫಿಲ್ಮ್‌ಫೇರ್ ಪ್ರಶಸ್ತಿ ಬಂದಿತ್ತು. ರಾಜ್ ಕಪೂರರ ‘ಆವಾರಾ’ದ (1951) ಸ್ವಪ್ನದೃಶ್ಯವನ್ನು ಕಟ್ಟಿದ ಕಲಾವಿದ ಅವರು. ಮೂರ್ತಿಯವರ ಬಗೆಗೆ ನಮ್ಮಲ್ಲಿ ಬಂದ ಬರಹಗಳಲ್ಲಿ ಆಚರೇಕರ್ ಹೆಸರನ್ನು ಹುಡುಕಬೇಕಾಗುತ್ತದೆ. ಭಾಷಾಭಿಮಾನ ಬೆಳಕನ್ನು ತನ್ನದೆಂದುಕೊಂಡು, ಬೆಳಕು ಬಿದ್ದ ಗೋಡೆಯನ್ನು ಪರರಿಗೆ ಬಿಟ್ಟಿತು ಎನ್ನೋಣವೆ?

ಮತ್ತೆ ಬನ್ಸಿಯವರ ಕಡೆಗೆ ಬರೋಣ. ‘ಜಲ್‌ಸಾಘರ್’ನಲ್ಲಿ (1958) ಮುರ್ಶಿದಾಬಾದಿನ ನಿಮ್ತಿತಾದ ನಿಜವಾದ ಜಮೀನ್ದಾರಿ ಮಹಲು ಹೊರಗಿನಿಂದ ಕಾಣುತ್ತದೆ, ಕಥೆಯ ಪ್ರಾಣವಾದ ಸಂಗೀತಶಾಲೆ ಮಾತ್ರ ಸ್ಟುಡಿಯೋದಲ್ಲಿ ಕಟ್ಟಿದ್ದು. ‘ಚಾರುಲತಾ’ (1964) ಬಹುತೇಕ ಅವರು ಕಟ್ಟಿದ ಮನೆಯೊಳಗೇ ನಡೆಯುತ್ತದೆ. ಈ ಎಲ್ಲ ಕೆಲಸಗಳಿಂದ ಹೊರಡುವ ತತ್ವವನ್ನು ನಾವು ಹೀಗೆ ಹೇಳಬಹುದು: ಸೆಟ್ಟು ನೋಟದ ಫಲ. ಒಂದು ಮನೆಯನ್ನು ಮತ್ತೆ ಕಟ್ಟಬೇಕಾದರೆ, ಅದರ ಯಾವ ಮೂಲೆ ಕೈ ತಾಗಿ ಸವೆದಿದೆ, ಯಾವ ಗೋಡೆಗೆ ಹೊಗೆ ಹಿಡಿದಿದೆ, ಯಾವ ಬಾಗಿಲು ದಿನಕ್ಕೆ ಎಷ್ಟು ಸಲ ತೆರೆಯುತ್ತದೆ ಎಂಬುದೆಲ್ಲ ತಿಳಿದಿರಬೇಕು. ಇದ್ದ ಮನೆಯಲ್ಲಿ ಕ್ಯಾಮರಾ ಇಡುವವನು ಇವನ್ನೆಲ್ಲ ತಿಳಿಯದೆಯೂ ಚಿತ್ರ ಮುಗಿಸಬಲ್ಲ.

ಮುಂಬಯಿಗೆ ಬಂದಾಗ ಪರಿಸ್ಥಿತಿ ಬೇರೆಯಾಗಿತ್ತು. ತುಲನೆಗಾಗಿ ಜಪಾನನ್ನು ನೋಡಬಹುದು. ಅಕಿರಾ ಕುರೊಸಾವಾ ಅವರೊಂದಿಗೆ ದಶಕಗಳ ಕಾಲ ದುಡಿದ ಯೋಶಿರೊ ಮುರಾಕಿ ತೋಹೋ ಸಂಸ್ಥೆಯ ಕಲಾವಿಭಾಗದಲ್ಲಿ ಬೆಳೆದವರು. ಬಡಗಿ, ಬಣ್ಣಗಾರ, ಉಗ್ರಾಣ, ಸಂಬಳ ಎಲ್ಲವೂ ಒಂದೇ ಸೂರಿನಡಿ ಇದ್ದ ವ್ಯವಸ್ಥೆ ಅದು. ‘ರಾನ್’ (1985) ಚಿತ್ರಕ್ಕಾಗಿ ಫ್ಯೂಜಿ ಪರ್ವತದ ಇಳಿಜಾರಿನಲ್ಲಿ ಕೋಟೆಯೊಂದನ್ನು ಕಟ್ಟಿ, ಕ್ಯಾಮರಾದೆದುರು ಸುಟ್ಟುಬಿಡುವ ಧಾರಾಳ ಅಂಥ ಪರಂಪರೆಯಿಂದ ಬಂದವರಿಗೇ ಸಾಧ್ಯ. ಮುಂಬಯಿಯಲ್ಲಿ 1970ರ ವೇಳೆಗೆ ಸಂಬಳ ಕೊಟ್ಟು ಕಲಾವಿದರನ್ನು ಇಟ್ಟುಕೊಳ್ಳುವ ಹಳೆಯ ಸ್ಟುಡಿಯೋ ಪದ್ಧತಿ ಕಳೆದುಹೋಗಿತ್ತು. ಚೆಂಬೂರಿನ ಆರ್. ಕೆ., ಬಾಂದ್ರಾದ ಮೆಹಬೂಬ್, ಗೋರೆಗಾಂವಿನ ಫಿಲ್ಮಿಸ್ತಾನ್‌ಗಳ ಅಂಕಣಗಳು ಹೊರಗಿನ ನಿರ್ಮಾಪಕರಿಗೂ ಬಾಡಿಗೆಗೆ ಒದಗುತ್ತಿದ್ದವು. ಕಲಾನಿರ್ದೇಶಕ ಪ್ರತಿ ಚಿತ್ರಕ್ಕೂ ಹೊಸದಾಗಿ ಗಂಟುಮೂಟೆ ಕಟ್ಟಬೇಕು. ಬನ್ಸಿ ‘ಸೀಮಾ’ (1971), ‘ದೋ ಝೂಠ್’ (1975) ಮುಂತಾದ ಪೇಟೆಯ ಚಿತ್ರಗಳನ್ನೂ ಮಾಡಿದರು. ಆ ಎರಡಕ್ಕೂ ಫಿಲ್ಮ್‌ಫೇರ್ ಪ್ರಶಸ್ತಿ ಪಡೆದರು. ಅವರ ಸಾಧನೆಯನ್ನು ಆ ಚಿತ್ರಗಳಿಂದ ಅಳೆಯಲು ನಮಗೆ ಮನಸ್ಸಿಲ್ಲ.

ಫಿಲ್ಮ್ ಫೈನಾನ್ಸ್ ಕಾರ್ಪೊರೇಷನ್ನಿನ ಸಾಲದಿಂದ ತಯಾರಾದ ಹೊಸ ಅಲೆಯ ಚಿತ್ರಗಳು ಅವರಿಗೆ ಇನ್ನೊಂದು ಬಾಗಿಲು ತೆರೆದವು. ಹಣ ಕಡಿಮೆ, ಆದ್ದರಿಂದ ಕಟ್ಟುವುದಕ್ಕಿಂತ ಆರಿಸುವುದು, ತೆಗೆದುಹಾಕುವುದು ಹೆಚ್ಚು. ಕುಮಾರ್ ಶಹಾನಿಯವರ ‘ಮಾಯಾದರ್ಪಣ’ದಲ್ಲಿ (1972) ಮನೆಯೆಂಬುದು ಬಣ್ಣಗಳ ಒಂದು ವಿನ್ಯಾಸ; ತರನ್ ನಡೆದಾಡುವ ಮೊಗಸಾಲೆ ಅವಳ ಮಾತಿಗಿಂತ ಮುಂಚೆ ಅವಳ ಸ್ಥಿತಿಯನ್ನು ತಿಳಿಸುತ್ತದೆ. ಅವತಾರ್ ಕೌಲ್ ಅವರ ‘27 ಡೌನ್’ (1974) ಇದಕ್ಕೆ ತೀರ ವಿರುದ್ಧವಾದ ಕಪ್ಪು ಬಿಳುಪಿನ ಚಿತ್ರ. ಅಲ್ಲಿ ರೈಲುಡಬ್ಬಿ, ವಿಕ್ಟೋರಿಯಾ ಟರ್ಮಿನಸ್ಸಿನ ಜನಜಂಗುಳಿ ಎಲ್ಲವೂ ಇದ್ದದ್ದೇ, ಎ. ಕೆ. ಬೀರ್ ಅವರ ಕ್ಯಾಮರಾ ಅದರೊಳಗೆ ನುಗ್ಗುತ್ತದೆ. ಚಿತ್ರಕಲೆಯ ಆಸೆಯನ್ನು ಬಿಟ್ಟು ಟಿಕೆಟ್ ಪರೀಕ್ಷಕನಾದ ನಾಯಕನಿಗೆ ಮನೆ ಮತ್ತು ಗಾಡಿಯ ನಡುವಣ ಭೇದವೇ ಅಳಿಸಿಹೋಗಿದೆ. ಇಂಥ ಚಿತ್ರದಲ್ಲಿ ಕಲಾನಿರ್ದೇಶನ ಏನೆಂದು ಕೇಳುವವರಿಗೆ ನಮ್ಮ ಉತ್ತರ ಇಷ್ಟು: ನಿಜವಾದ ರೈಲಿನ ಪಕ್ಕದಲ್ಲಿ ಸುಳ್ಳಾಗಿ ಕಾಣದ ಕೋಣೆಯೊಂದನ್ನು ಕೊಡುವುದು ಸುಲಭವಲ್ಲ.

‘ಶತರಂಜ್ ಕೆ ಖಿಲಾಡಿ’ಗಾಗಿ (1977) ಅವರು ಮತ್ತೆ ರಾಯ್ ಅವರೊಂದಿಗೆ ಕೂಡಿದರು. ಅದರ ಬಗೆಗೆ ಈಗಾಗಲೇ ಸಾಕಷ್ಟು ಬರೆಯಲಾಗಿದೆ. ಮುಜಫರ್ ಅಲಿಯವರ ‘ಉಮ್ರಾವ್ ಜಾನ್’ (1981) ಕೂಡ ಲಖನೌವಿನದೇ. ಅದರ ಕಲಾನಿರ್ದೇಶನಕ್ಕೆ ಸಂದ ರಾಷ್ಟ್ರಪ್ರಶಸ್ತಿಯಲ್ಲಿ ಹೆಸರಿದ್ದದ್ದು ಬನ್ಸಿಯವರ ಜೊತೆ ದುಡಿದ ಮಂಜೂರ್ ಅವರದು.

ನಮ್ಮ ಓದುಗರು ಹೆಚ್ಚು ಗಮನಿಸಬೇಕಾದ ಚಿತ್ರ ಶ್ಯಾಮ್ ಬೆನಗಲ್ ಅವರ ‘ಕಲಿಯುಗ’ (1981). ಮುಂಬಯಿಯ ಉದ್ಯಮಿ ಮನೆತನವೊಂದರ ಎರಡು ಕವಲುಗಳ ಜಗಳವನ್ನು ಮಹಾಭಾರತದ ಚೌಕಟ್ಟಿಗೆ ಕೂಡಿಸಿದ ಇದರ ಚಿತ್ರಕಥೆಯಲ್ಲಿ ಗಿರೀಶ ಕಾರ್ನಾಡರ ಪಾಲಿದೆ. ಛಾಯಾಗ್ರಾಹಕ ಗೋವಿಂದ ನಿಹಲಾನಿ ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್ಕಿನಲ್ಲಿ ಕಲಿತು, ವಿ. ಕೆ. ಮೂರ್ತಿಯವರ ಬಳಿ ಪಳಗಿದವರು. ಇಷ್ಟೆಲ್ಲ ಕನ್ನಡದ ಎಳೆಗಳಿದ್ದೂ ಈ ಚಿತ್ರ ನಮ್ಮ ಕಾರ್ನಾಡ ಅಧ್ಯಯನಗಳಲ್ಲಿ ‘ಯಯಾತಿ’, ‘ತುಘಲಕ್’ಗಳ ನೆರಳಿನಲ್ಲೇ ಉಳಿದಿದೆ. ಸರಿಸುಮಾರು ಅದೇ ಕಾಲದಲ್ಲಿ ಯಶವಂತ ಚಿತ್ತಾಲರ ‘ಶಿಕಾರಿ’ (1979) ಮುಂಬಯಿಯ ಕಂಪನಿ ಜಗತ್ತಿನ ಕ್ರೌರ್ಯವನ್ನು ಕನ್ನಡದಲ್ಲಿ ಹಿಡಿದಿತ್ತು. ಎರಡನ್ನೂ ಎದುರುಬದುರು ಇಟ್ಟು ಓದುವ ಕೆಲಸ ಯಾರಾದರೂ ಕೈಗೆತ್ತಿಕೊಳ್ಳಬೇಕು.

‘ಕಲಿಯುಗ’ದಲ್ಲಿ ಬನ್ಸಿಯವರ ಕೈಚಳಕ ಹೊರಗೆ ಕಾಣುವಂಥದಲ್ಲ. ಕೌರವ ಪಾಂಡವರಿಗೆ ಸಮನಾದ ಎರಡು ಕುಟುಂಬಗಳ ಮನೆಗಳು ಒಂದೇ ಬಗೆಯ ಸಿರಿಯಿಂದ ತುಂಬಿವೆ. ಸೋಫಾ, ಗಾಜು, ದೀಪ, ಗೋಡೆಯ ಚಿತ್ರಗಳು ಒಂದೇ ವರ್ಗದ ಅಭಿರುಚಿಯವು. ಮೊದಲ ನೋಟದಲ್ಲಿ ಇದು ಸೋಮಾರಿತನದಂತೆ ತೋರಿ, ಯಾರ ಮನೆಯಲ್ಲಿದ್ದೇವೆಂದು ಪ್ರೇಕ್ಷಕ ಗಲಿಬಿಲಿಗೊಳ್ಳುತ್ತಾನೆ. ಆ ಗಲಿಬಿಲಿ ಕಥೆಗೆ ಬೇಕಾದದ್ದೇ. ಧರ್ಮದ ಪಕ್ಷ ಯಾವುದೆಂದು ಗೋಡೆಗಳು ಹೇಳಿಕೊಡುವುದಿಲ್ಲ. ಕಂಪನಿ ನಾಟಕದವರು ಕುರುಕ್ಷೇತ್ರವನ್ನು ಆನೆ ಕುದುರೆಗಳ ವೈಭವದಿಂದ ತೋರಿಸಿದ ಪರಂಪರೆ ನಮ್ಮದು. ಗುಬ್ಬಿ ವೀರಣ್ಣನವರ ಹೆಸರು ಹೇಳಿದರೆ ಸಾಕು. ಅಲ್ಲಿ ಪರದೆ ಉರುಳಿದೊಡನೆ ಇದು ದುರ್ಯೋಧನನ ಸಭೆಯೆಂದು ಎಲ್ಲರಿಗೂ ಗೊತ್ತಾಗುತ್ತಿತ್ತು. ಹಾಗೆ ನೋಡಿದರೆ ರಂಗಸಜ್ಜಿಕೆಯ ಬಗೆಗೆ ಮಾತನಾಡುವ ಪದಸಂಪತ್ತು ಕನ್ನಡಕ್ಕೆ ಹೊಸದೇನಲ್ಲ. ನಮ್ಮ ಸಿನಿಮಾ ವಿಮರ್ಶೆ ನವ್ಯಸಾಹಿತ್ಯದ ಮನೆಯಿಂದ ಬಂದದ್ದರಿಂದ ಆ ಪದಗಳನ್ನು ರಂಗಭೂಮಿಯಲ್ಲೇ ಬಿಟ್ಟು ಬಂದಿತು.

ಇನ್ನು ‘ಚಕ್ರ’. ಜಯವಂತ ದಳವಿಯವರ ಮರಾಠಿ ಕಾದಂಬರಿಯನ್ನು ಆಧರಿಸಿ ರವೀಂದ್ರ ಧರ್ಮರಾಜ್ ನಿರ್ದೇಶಿಸಿದ ಏಕೈಕ ಕಥಾಚಿತ್ರ ಇದು. 1981ರ ಲೊಕಾರ್ನೊ ಉತ್ಸವದಲ್ಲಿ ಸುವರ್ಣ ಚಿರತೆ ಪ್ರಶಸ್ತಿ ಪಡೆಯಿತು. ಮುಂಬಯಿಯ ಝೋಪಡಪಟ್ಟಿಯೊಂದರಲ್ಲಿ ಅಮ್ಮ, ಅವಳ ಮಗ ಬೆನ್ವಾ, ಲುಕ್ಕಾ ಎಂಬ ಪುಂಡ, ಲಾರಿ ಓಡಿಸುವ ಅಣ್ಣ – ಇವರ ಬದುಕು ಅದರ ವಸ್ತು. ಅಮ್ಮನ ಪಾತ್ರ ಸ್ಮಿತಾ ಪಾಟೀಲರದು, ಲುಕ್ಕಾನದು ನಸೀರುದ್ದೀನ್ ಶಾ ಅವರದು.

ರೈಲಿನ ಕಿಟಕಿಯಿಂದ ಕೈಚಾಚಿದರೆ ಗುಡಿಸಲು ತಾಗುವ ಊರಿನಲ್ಲಿ ಗುಡಿಸಲಿನ ಸೆಟ್ಟು ಏಕೆ? ಈ ಆಕ್ಷೇಪ ಹಗುರವಾದದ್ದಲ್ಲ. ಬಡತನವನ್ನು ಹಣ ಕೊಟ್ಟು ಕಟ್ಟಿಸುವುದರಲ್ಲಿ ಒಂದು ಅಸಭ್ಯತೆ ಇದೆಯೆಂದು ಅನ್ನಿಸಿದರೆ ತಪ್ಪಲ್ಲ. ಆದರೆ ಎದುರುಪಕ್ಷವನ್ನೂ ಕೇಳಬೇಕು. ಆರೇಳು ಅಡಿ ಅಗಲದ ನಿಜವಾದ ಖೋಲಿಯಲ್ಲಿ ಕ್ಯಾಮರಾ, ದೀಪ, ಧ್ವನಿಯ ಸಲಕರಣೆ ಇಡಬೇಕಾದರೆ ಅಲ್ಲಿ ಬದುಕುವವರನ್ನು ಹೊರಗೆ ಕಳಿಸಬೇಕು. ಅವರನ್ನು ಒಳಗೇ ಇರಿಸಿಕೊಂಡರೆ ಅವರ ಸಂಕಟವೇ ಹಿನ್ನೆಲೆಯ ಅಲಂಕಾರವಾಗುತ್ತದೆ. ಇದ್ದ ಸ್ಥಳದಲ್ಲಿ ಚಿತ್ರಿಸುವುದು ತನ್ನಷ್ಟಕ್ಕೆ ನೈತಿಕವೆಂಬ ನಮ್ಮ ನಂಬಿಕೆ ಅಗ್ರಹಾರದ ಮಟ್ಟಿಗೆ ಸರಿಹೋದೀತು. ಅಲ್ಲಿ ಮನೆಯ ಯಜಮಾನ ಬೇಡವೆನ್ನಬಲ್ಲ. ಝೋಪಡಿಯವನಿಗೆ ಹಾಗೆನ್ನುವ ಶಕ್ತಿ ಎಷ್ಟಿದೆ?

ಸೆಟ್ಟಿನ ಸತ್ಯವನ್ನು ಅಳೆಯಬೇಕಾದದ್ದು ಅದರ ಸಾಮಗ್ರಿಯಿಂದ. ಕಥೆಯ ಆರಂಭದಲ್ಲೇ ಅಮ್ಮನ ಗಂಡ ಗುಡಿಸಲಿಗೆಂದು ತಗಡು ಕದಿಯಲು ಹೋಗಿ ಗುಂಡಿಗೆ ಬಲಿಯಾಗುತ್ತಾನೆ. ಆ ಬಳಿಕ ತೆರೆಯ ಮೇಲೆ ಕಾಣುವ ಪ್ರತಿಯೊಂದು ತಗಡಿಗೂ ಒಂದು ಬೆಲೆಯ ನೆನಪು ಅಂಟಿಕೊಂಡಿರುತ್ತದೆ. ಬನ್ಸಿಯವರ ಗುಡಿಸಲುಗಳಲ್ಲಿ ತಗಡು, ಗೋಣಿ, ಬೊಂಬು, ಹಲಗೆಗಳು ಬರಿಯ ‘ಬಡತನದ ವಾತಾವರಣ’ಕ್ಕಾಗಿ ಎರಚಿದವಲ್ಲ, ಒಂದೊಂದೂ ಬೇರೆಲ್ಲೋ ಬೇರೇನೋ ಆಗಿದ್ದು ಇಲ್ಲಿ ಗೋಡೆಯಾಗಿದೆ. ಚಾರುಲತೆಯ ಮನೆಯನ್ನು ಕಟ್ಟಿದ ಕೈಗೆ ಈ ಲೆಕ್ಕಾಚಾರ ಹೊಸತಲ್ಲ. ಅಲ್ಲಿ ವಸ್ತುಗಳು ಮನೆತನದಿಂದ ಬಂದವು, ಇಲ್ಲಿ ತಿಪ್ಪೆಯಿಂದ ಮತ್ತು ಕಳವಿನಿಂದ.

ಎರಡನೆಯದಾಗಿ ಜಾಗದ ರಚನೆ. ಈ ಬಸ್ತಿಯಲ್ಲಿ ಒಳಗು ಹೊರಗು ಎಂಬ ಭೇದವಿಲ್ಲ. ಅಮ್ಮನ ಖೋಲಿಯಲ್ಲಿ ಆಡಿದ ಮಾತು ಓಣಿಗೆ ಕೇಳುತ್ತದೆ. ಲುಕ್ಕಾ ಅಡಗಲು ಬಂದರೆ ಅಡಗಲು ಮರೆಯೇ ಇಲ್ಲ. ಸ್ನಾನ ಬಯಲಿನಲ್ಲೇ ಆಗಬೇಕು. ಅಮ್ಮ ಬಯಲಲ್ಲಿ ಸ್ನಾನ ಮಾಡುವ ದೃಶ್ಯವನ್ನು ಚಿತ್ರದ ಪ್ರಚಾರಕ್ಕೆ ಬಳಸಿಕೊಂಡದ್ದು ಆಗ ವಿವಾದಕ್ಕೆ ಕಾರಣವಾಯಿತು. ನಮ್ಮ ವಾದಕ್ಕೆ ಇದಕ್ಕಿಂತ ಒಳ್ಳೆಯ ಸಾಕ್ಷ್ಯ ಬೇಕಿಲ್ಲ. ಚಿತ್ರದಲ್ಲಿ ಆ ದೃಶ್ಯಕ್ಕೆ ಸುತ್ತಲಿನ ಬಸ್ತಿಯ ಸಮರ್ಥನೆಯಿದೆ: ಈ ಹೆಂಗಸಿಗೆ ಮರೆಯೆಂಬುದು ಕೈಗೆಟುಕದ ಐಶ್ವರ್ಯ ಎಂದು ಗುಡಿಸಲುಗಳ ಸಾಲೇ ಹೇಳುತ್ತದೆ. ಭಿತ್ತಿಚಿತ್ರ ಆ ಬಸ್ತಿಯನ್ನು ಕತ್ತರಿಸಿ ಹೆಣ್ಣಿನ ಮೈಯನ್ನು ಮಾತ್ರ ಉಳಿಸಿಕೊಂಡಿತು. ಸೆಟ್ಟನ್ನು ತೆಗೆದೊಡನೆ ಸತ್ಯವೂ ಹೋಯಿತು, ಚಪಲ ಉಳಿಯಿತು.

ಹಾಗೆಂದು ಚಿತ್ರ ಎಲ್ಲೆಡೆಯೂ ತನ್ನ ಕಲಾನಿರ್ದೇಶಕನಷ್ಟು ಸಂಯಮದಿಂದ ನಡೆದುಕೊಂಡಿದೆ ಎನ್ನಲಾರೆವು. ಕೇಡಿನ ಮೇಲೆ ಕೇಡು ಪೇರಿಸುವ ಚಿತ್ರಕಥೆಯ ಆತುರ ಉತ್ತರಾರ್ಧದಲ್ಲಿ ಬೇಸರ ತರಿಸುತ್ತದೆ. ಲುಕ್ಕಾನ ರೋಗ, ಪೋಲೀಸರ ಹೊಡೆತ, ಅಮ್ಮನ ಗರ್ಭಪಾತ ಒಂದರ ಹಿಂದೊಂದು ಬಂದು ನೋಡುವವನ ಮನಸ್ಸನ್ನು ಜಡಗೊಳಿಸುತ್ತವೆ. ಪಾತ್ರಗಳಿಗೆ ಒದಗುವ ವಿಧಿ ಬರೆದದ್ದೆಂದು ತೋರುತ್ತದೆ; ಅವರು ಬಾಳುವ ಗುಡಿಸಲು ಮಾತ್ರ ಬಾಳಿದ್ದೆಂದೇ ತೋರುತ್ತದೆ. ಹೀಗೆ ಕಥೆಗಿಂತ ಮನೆ ಹೆಚ್ಚು ನಂಬುಗೆಗೆ ಅರ್ಹವಾಗುವುದು ಕಲಾನಿರ್ದೇಶಕನ ಗೆಲುವೋ ಚಿತ್ರದ ಸೋಲೋ ಎಂಬುದನ್ನು ಚರ್ಚಿಸಬಹುದು. ನಮಗೆ ಎರಡೂ ಹೌದೆನಿಸುತ್ತದೆ.

ಪ್ರತ್ಯೇಕವಾಗಿ ಗಮನಿಸಬೇಕಾದದ್ದು ಕೊನೆಯ ಭಾಗ. ಬುಲ್ಡೋಜರುಗಳು ಬಂದು ಬಸ್ತಿಯನ್ನು ನೆಲಸಮ ಮಾಡುತ್ತವೆ. ಚಿತ್ರೀಕರಣ ಮುಗಿದ ಮೇಲೆ ಯಾವ ಸೆಟ್ಟಿಗಾದರೂ ಒದಗುವ ಗತಿಯೇ ಅದು; ಹಲಗೆ, ಮೊಳೆಗಳು ಇನ್ನೊಂದು ಚಿತ್ರಕ್ಕೆ ಹೋಗುತ್ತವೆ. ಆ ಗತಿ ಇಲ್ಲಿ ಕಥೆಯೊಳಕ್ಕೇ ಬಂದಿದೆ. ಹೊಲಿಗೆ ಕಾಣದಂತೆ ಕಟ್ಟುತ್ತ ಬಂದ ಕಲಾವಿದನೊಬ್ಬನ ಮನೆಯನ್ನು ಒಡೆಯುವುದನ್ನು ಪ್ರೇಕ್ಷಕರು ಕಣ್ಣಾರೆ ನೋಡುತ್ತಾರೆ. ಕಟ್ಟಿದ್ದು ಕೃತಕವೆಂಬ ನೆನಪು ಆ ಕ್ಷಣದಲ್ಲಿ ಬಾರದಿದ್ದರೆ, ಹೊರಗಿನ ಮುಂಬಯಿಯಲ್ಲೂ ಗುಡಿಸಲುಗಳನ್ನು ಒಡೆಯುವುದು ಅಷ್ಟೇ ಸಲೀಸಾಗಿತ್ತೆಂಬುದು ಅದಕ್ಕೆ ಕಾರಣ.

ಬನ್ಸಿ ಚಂದ್ರಗುಪ್ತರು 1981ರ ಜೂನ್ ತಿಂಗಳಲ್ಲಿ ಅಮೆರಿಕದ ನ್ಯೂಯಾರ್ಕ್ ಪ್ರಾಂತದಲ್ಲಿ ತೀರಿಕೊಂಡರು. ಮರುತಿಂಗಳು, ಸುರಿಯುವ ಮಳೆಗಾಲದಲ್ಲಿ, ಮುಖ್ಯಮಂತ್ರಿ ಎ. ಆರ್. ಅಂತುಲೆಯವರ ಸರಕಾರ ಮುಂಬಯಿಯ ಕಾಲುದಾರಿ ಮತ್ತು ಗುಡಿಸಲು ನಿವಾಸಿಗಳನ್ನು ಎಬ್ಬಿಸಿ ಊರ ಹೊರಗೆ ಕಳಿಸುವ ಆಜ್ಞೆ ಹೊರಡಿಸಿತು. ಅದರ ವಿರುದ್ಧ ಓಲ್ಗಾ ಟೆಲಿಸ್ ಮತ್ತಿತರರು ಹೂಡಿದ ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯ 1985ರಲ್ಲಿ ತೀರ್ಪು ಕೊಟ್ಟಿತು. ಜೀವಿಸುವ ಹಕ್ಕಿನಲ್ಲಿ ಜೀವನೋಪಾಯದ ಹಕ್ಕೂ ಸೇರಿದೆಯೆಂದು ಒಪ್ಪಿತಾದರೂ ತೆರವುಗೊಳಿಸುವ ಅಧಿಕಾರವನ್ನು ನಗರಪಾಲಿಕೆಯಿಂದ ಕಸಿದುಕೊಳ್ಳಲಿಲ್ಲ. ‘ಚಕ್ರ’ದ ಕಲಾನಿರ್ದೇಶನಕ್ಕಾಗಿ ಫಿಲ್ಮ್‌ಫೇರ್ ಪ್ರಶಸ್ತಿ ಬನ್ಸಿಯವರಿಗೆ 1982ರಲ್ಲಿ, ಮರಣಾನಂತರ ಸಂದಿತು.